ಅಬ್ ಐವರ್ಕ್ಸ್

ಅಬ್ ಐವರ್ಕ್ಸ್ (೨೪ ಮಾರ್ಚ್ ೧೯೦೧ – ೭ ಜುಲೈ ೧೯೭೧) ಅಮೆರಿಕದ ಅನಿಮೇಷನ್ ಕಲಾವಿದರು, ನಿರ್ದೇಶಕರು ಹಾಗೂ ಚಲನಚಿತ್ರ ತಂತ್ರಜ್ಞರು. ವಾಲ್ಟ್ ಡಿಸ್ನಿಯವರೊಡನೆ ಸೇರಿ ಮಿಕ್ಕಿ ಮೌಸ್ ಪಾತ್ರವನ್ನು ರೂಪಿಸಿದ ಇವರು, ಆ ಸರಣಿಯ ಆರಂಭದ ಚಿತ್ರಗಳ ಪ್ರಧಾನ ಕಲಾವಿದರಾಗಿದ್ದರು. ಪಾತ್ರ ಜಗತ್ಪ್ರಸಿದ್ಧವಾದರೂ ಅದನ್ನು ಬರೆದ ಕೈ ಬಹುಕಾಲ ತೆರೆಮರೆಯಲ್ಲಿಯೇ ಉಳಿಯಿತು.

ಆರಂಭಿಕ ಜೀವನ

ಐವರ್ಕ್ಸ್ ಮಿಸ್ಸೌರಿ ರಾಜ್ಯದ ಕಾನ್ಸಾಸ್ ಸಿಟಿಯಲ್ಲಿ ಜನಿಸಿದರು. ತಂದೆ ಜರ್ಮನಿಯಿಂದ ವಲಸೆ ಬಂದವರು. ಅವರು ಕುಟುಂಬವನ್ನು ತೊರೆದ ಕಾರಣ, ಐವರ್ಕ್ಸ್ ಶಾಲೆ ಬಿಟ್ಟು ದುಡಿಯಬೇಕಾಯಿತು. ೧೯೧೯ರಲ್ಲಿ ಜಾಹೀರಾತು ಚಿತ್ರಕಲೆಯ ಸಂಸ್ಥೆಯೊಂದರಲ್ಲಿ ಅವರಿಗೆ ಡಿಸ್ನಿಯವರ ಪರಿಚಯವಾಯಿತು. ಮರುವರ್ಷ ಇಬ್ಬರೂ ಕೂಡಿ ಆರಂಭಿಸಿದ ಉದ್ಯಮ ಬಹುಬೇಗ ಮುಚ್ಚಿತು. ಡಿಸ್ನಿಯವರ ಲಾಫ್-ಓ-ಗ್ರಾಮ್ ಸ್ಟುಡಿಯೊ ಸಹ ೧೯೨೩ರಲ್ಲಿ ದಿವಾಳಿಯಾಯಿತು. ೧೯೨೪ರಲ್ಲಿ ಐವರ್ಕ್ಸ್ ಕ್ಯಾಲಿಫೋರ್ನಿಯಾಕ್ಕೆ ತೆರಳಿ ಡಿಸ್ನಿಯವರ ಹೊಸ ಸ್ಟುಡಿಯೊ ಸೇರಿದರು.

ಮಿಕ್ಕಿ ಮೌಸ್

೧೯೨೮ರಲ್ಲಿ ವಿತರಕರೊಡನೆ ಉಂಟಾದ ವಿವಾದದಿಂದ ಡಿಸ್ನಿ ತಮ್ಮ ಜನಪ್ರಿಯ ಪಾತ್ರವಾದ ಆಸ್ವಾಲ್ಡ್ ಎಂಬ ಮೊಲವನ್ನು ಕಳೆದುಕೊಂಡರು. ಹೆಚ್ಚಿನ ಕಲಾವಿದರು ವಿತರಕರ ಪಕ್ಷ ಸೇರಿದಾಗ ಐವರ್ಕ್ಸ್ ಡಿಸ್ನಿಯವರೊಡನೆಯೇ ಉಳಿದರು. ಹೊಸ ಪಾತ್ರವಾದ ಮಿಕ್ಕಿಯ ಮೊದಲ ಚಿತ್ರ 'ಪ್ಲೇನ್ ಕ್ರೇಜಿ'ಯನ್ನು ಅವರು ಬಹುಮಟ್ಟಿಗೆ ಒಬ್ಬರೇ ಕೆಲವೇ ವಾರಗಳಲ್ಲಿ ಬರೆದು ಮುಗಿಸಿದರು. ಅದೇ ವರ್ಷ ನವೆಂಬರ್ ೧೮ರಂದು ತೆರೆಕಂಡ ಧ್ವನಿಸಹಿತ ಚಿತ್ರ 'ಸ್ಟೀಮ್‌ಬೋಟ್ ವಿಲ್ಲಿ' ಸ್ಟುಡಿಯೊದ ಭವಿಷ್ಯವನ್ನೇ ಬದಲಿಸಿತು. ೧೯೨೯ರ 'ದ ಸ್ಕೆಲಿಟನ್ ಡಾನ್ಸ್' ಐವರ್ಕ್ಸ್ ಅವರ ಮತ್ತೊಂದು ಪ್ರಸಿದ್ಧ ಕೃತಿ.

ಸ್ವಂತ ಸ್ಟುಡಿಯೊ

ಡಿಸ್ನಿಯವರೊಡನೆ ಮೂಡಿದ ಭಿನ್ನಾಭಿಪ್ರಾಯದಿಂದ ೧೯೩೦ರಲ್ಲಿ ಐವರ್ಕ್ಸ್ ಹೊರಬಂದರು. ಪ್ಯಾಟ್ ಪವರ್ಸ್ ಅವರ ಹಣಕಾಸಿನ ನೆರವಿನಿಂದ ಸ್ವಂತ ಸ್ಟುಡಿಯೊ ಸ್ಥಾಪಿಸಿ, ಫ್ಲಿಪ್ ಎಂಬ ಕಪ್ಪೆ ಹಾಗೂ ವಿಲ್ಲಿ ವ್ಹಾಪರ್ ಎಂಬ ಬಾಲಕನನ್ನು ಕುರಿತ ಸರಣಿಗಳನ್ನು ನಿರ್ಮಿಸಿದರು. ಹಳೆಯ ಮೋಟಾರು ಕಾರಿನ ಬಿಡಿಭಾಗಗಳನ್ನು ಬಳಸಿ, ಚಿತ್ರಗಳಿಗೆ ಆಳದ ಅನುಭವ ನೀಡುವ ಬಹುಸ್ತರ ಕ್ಯಾಮೆರಾವೊಂದನ್ನೂ ತಯಾರಿಸಿದರು. ಆದರೆ ಈ ಪಾತ್ರಗಳು ಮಿಕ್ಕಿಯಷ್ಟು ಜನಮನ ಗೆಲ್ಲಲಿಲ್ಲ. ನೆರವು ನಿಂತು ೧೯೩೬ರಲ್ಲಿ ಸ್ಟುಡಿಯೊ ಮುಚ್ಚಿತು. ಬಳಿಕ ಅವರು ವಾರ್ನರ್ ಬ್ರದರ್ಸ್ ಹಾಗೂ ಕೊಲಂಬಿಯಾ ಸಂಸ್ಥೆಗಳಿಗಾಗಿ ಕಿರುಚಿತ್ರಗಳನ್ನು ನಿರ್ದೇಶಿಸಿದರು.

ತಾಂತ್ರಿಕ ಕೊಡುಗೆ

೧೯೪೦ರಲ್ಲಿ ಡಿಸ್ನಿ ಸಂಸ್ಥೆಗೆ ಮರಳಿದ ಐವರ್ಕ್ಸ್, ಚಿತ್ರ ಬರೆಯುವುದನ್ನು ಬಿಟ್ಟು ಛಾಯಾಗ್ರಹಣ ತಂತ್ರಗಳ ಸಂಶೋಧನೆಗೆ ತೊಡಗಿದರು. ಪೆನ್ಸಿಲ್ ರೇಖೆಗಳನ್ನು ನೇರವಾಗಿ ಪಾರದರ್ಶಕ ಹಾಳೆಗೆ ವರ್ಗಾಯಿಸುವ ಜೆರಾಕ್ಸ್ ವಿಧಾನವನ್ನು ಅವರು ಅನಿಮೇಷನ್‌ಗೆ ಅಳವಡಿಸಿದರು. ಇದರಿಂದ ಪ್ರತಿ ರೇಖೆಯ ಮೇಲೂ ಕೈಯಿಂದ ಶಾಯಿ ಎಳೆಯುವ ಶ್ರಮ ತಪ್ಪಿತು. ನೂರೊಂದು ಚುಕ್ಕೆನಾಯಿಗಳ ಕಥೆಯುಳ್ಳ ೧೯೬೧ರ ಚಿತ್ರ ಸಾಧ್ಯವಾದದ್ದು ಈ ವಿಧಾನದಿಂದಲೇ. ೧೯೬೪ರ 'ಮೇರಿ ಪಾಪಿನ್ಸ್'ನಲ್ಲಿ ನಟರನ್ನೂ ಕಾರ್ಟೂನು ಪಾತ್ರಗಳನ್ನೂ ಒಂದೇ ದೃಶ್ಯದಲ್ಲಿ ಬೆಸೆಯಲು ಸೋಡಿಯಂ ದೀಪದ ಹಳದಿ ಬೆಳಕನ್ನು ಆಧರಿಸಿದ ತಂತ್ರವನ್ನು ಬಳಸಲಾಯಿತು. ಆಲ್‌ಫ್ರೆಡ್ ಹಿಚ್‌ಕಾಕ್ ಅವರ 'ದ ಬರ್ಡ್ಸ್' (೧೯೬೩) ಚಿತ್ರದ ವಿಶೇಷ ದೃಶ್ಯಗಳಿಗೂ ಐವರ್ಕ್ಸ್ ಕೆಲಸ ಮಾಡಿದರು.

ಪ್ರಶಸ್ತಿ ಮತ್ತು ನಿಧನ

ತಾಂತ್ರಿಕ ಸಾಧನೆಗಾಗಿ ಐವರ್ಕ್ಸ್ ಅವರಿಗೆ ೧೯೬೦ ಮತ್ತು ೧೯೬೫ರಲ್ಲಿ ಆಸ್ಕರ್ ಗೌರವಗಳು ಸಂದವು. ಅವರು ೧೯೭೧ರಲ್ಲಿ ಕ್ಯಾಲಿಫೋರ್ನಿಯಾದ ಬರ್ಬ್ಯಾಂಕ್‌ನಲ್ಲಿ ನಿಧನರಾದರು. ೧೯೮೯ರಲ್ಲಿ ಡಿಸ್ನಿ ಸಂಸ್ಥೆ ಅವರಿಗೆ ಮರಣೋತ್ತರವಾಗಿ 'ಡಿಸ್ನಿ ಲೆಜೆಂಡ್' ಗೌರವ ನೀಡಿತು. ಮೊಮ್ಮಗಳು ಲೆಸ್ಲಿ ಐವರ್ಕ್ಸ್ ೧೯೯೯ರಲ್ಲಿ ಅವರ ಜೀವನವನ್ನು ಕುರಿತು ಸಾಕ್ಷ್ಯಚಿತ್ರವೊಂದನ್ನು ನಿರ್ದೇಶಿಸಿದರು.