ಸಕಲಮತ ಪ್ರವರ್ತಕ ಶ್ರೀ ಮಾಣಿಕಪ್ರಭುಗಳು

ಬೀದರ ಸೀಮೆಯು ಹಲವು ಮತಗಳ, ಹಲವು ನುಡಿಗಳ ನೆಲೆವೀಡು. ಭಾಲ್ಕಿ, ಔರಾದಗಳ ಸಂತೆಯಲ್ಲಿ ಒಂದೇ ನಾಲಗೆ ಕನ್ನಡವನ್ನೂ ಮರಾಠಿಯನ್ನೂ ಉರ್ದುವನ್ನೂ ಆಡುವುದು ಇಲ್ಲಿಯವರಿಗೆ ಸೋಜಿಗವಲ್ಲ. ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣದ ಶರಣರು ಹೊರಗಿನ ಗುಡಿಗಿಂತ ಒಳಗಿನ ಅರಿವೇ ಮಿಗಿಲೆಂದು ಸಾರಿದುದು ಈ ನೆಲದಲ್ಲಿಯೇ. ಬೀದರ ನಗರದ ಬಳಿಯ ಅಷ್ಟೂರಿನಲ್ಲಿ ಬಹಮನಿ ಸುಲ್ತಾನ ಅಹಮದ್ ಷಾನನ್ನು ಮುಸಲ್ಮಾನರು ವಲಿಯೆಂದೂ ಲಿಂಗಾಯತರು ಅಲ್ಲಮಪ್ರಭುವಿನ ರೂಪವೆಂದೂ ಭಾವಿಸಿ ಒಂದೇ ಗೋರಿಗೆ ನಡೆದುಕೊಳ್ಳುತ್ತ ಬಂದುದೂ ಈ ನೆಲದಲ್ಲಿಯೇ. ಇಂತಹ ನಾಡಿನಲ್ಲಿ ಹತ್ತೊಂಬತ್ತನೆಯ ಶತಮಾನದಲ್ಲಿ ಅವತರಿಸಿ, ಎಲ್ಲ ಮತಗಳ ಒಡಲಲ್ಲಿರುವ ಚೈತನ್ಯವೊಂದೇ, ಅದನ್ನು ಕಾಣಬೇಕಾದುದು ತನ್ನೊಳಗೇ ಎಂದು ಬೋಧಿಸಿ, ಆ ಬೋಧೆಗೆ ಸಕಲಮತ ಸಂಪ್ರದಾಯವೆಂಬ ರೂಪವಿತ್ತ ಮಹಾನುಭಾವರು ಶ್ರೀ ಮಾಣಿಕಪ್ರಭುಗಳು.

ಪ್ರಭುಗಳು ಜನಿಸಿದುದು 1817ರ ಡಿಸೆಂಬರ್ 22ರಂದು, ಮಾರ್ಗಶಿರ ಮಾಸದ ದತ್ತ ಜಯಂತಿಯ ದಿನ, ಇಂದಿನ ಬಸವಕಲ್ಯಾಣಕ್ಕೆ ಸಮೀಪದ ಲಾಡವಂತಿ ಗ್ರಾಮದಲ್ಲಿ. ತಂದೆ ಮನೋಹರ ನಾಯಕರು, ತಾಯಿ ಬಯಾದೇವಿ. ದತ್ತೋಪಾಸನೆಯ ಸಾತ್ವಿಕ ಬ್ರಾಹ್ಮಣ ಮನೆತನ. ಬಾಲ್ಯದಲ್ಲಿಯೇ ತಂದೆಯವರು ತೀರಿಕೊಂಡುದರಿಂದ ಬಾಲಕನು ಕಲ್ಯಾಣದಲ್ಲಿ ಸೋದರಮಾವನ ಆಶ್ರಯದಲ್ಲಿ ಬೆಳೆಯಬೇಕಾಯಿತು. ಆಗ ಕಲ್ಯಾಣವು ನಿಜಾಮರ ಅಧೀನದ ನವಾಬರ ಆಳ್ವಿಕೆಯಲ್ಲಿತ್ತು. ಹುಡುಗನಿಗೆ ಊರ ಓಣಿಗಳೇ ಪಾಠಶಾಲೆ. ಎಲ್ಲ ಜಾತಿಯ ಮಕ್ಕಳೂ ಒಡನಾಡಿಗಳು. ಯಾರ ಮನೆಯ ಅಂಗಳವೂ ಆತನಿಗೆ ಪರಕೀಯವಾಗಿರಲಿಲ್ಲ.

ಸೋದರಮಾವನಿಗೆ ಅಳಿಯನ ಭವಿಷ್ಯದ ಚಿಂತೆ. ಸುಂಕದ ಕಚೇರಿಯಲ್ಲಿ ಒಂದು ಕೆಲಸವನ್ನು ಕೊಡಿಸಿದನು. ಆದರೆ ಲೆಕ್ಕದ ಪುಸ್ತಕದಲ್ಲಿ ಮನಸ್ಸು ನಿಲ್ಲದಾಯಿತು. ಮಾವನ ಕೋಪಕ್ಕೆ ಎದುರಾಡದೆ ತರುಣನು ಮನೆಯನ್ನು ತೊರೆದು ಹೊರಟನು. ಮಂಠಾಳದ ಪರಿಸರದ ಕಾಡು, ಅಮೃತಕುಂಡದ ಏಕಾಂತಗಳು ಆತನ ಸಾಧನೆಯ ತಾಣಗಳಾದವು. ಲೋಕವು ಅವರನ್ನು ಗುರುವೆಂದು ಅರಿಯುವುದಕ್ಕೆ ಮೊದಲು ಅವರು ತಮ್ಮನ್ನು ತಾವು ಅರಿಯುವ ಕಾರ್ಯದಲ್ಲಿ ತೊಡಗಿದ್ದರೆಂಬುದು ಗಮನಾರ್ಹ. ಮುಂದೆ ಅವರು ಕಟ್ಟಿದ ಸಂಪ್ರದಾಯದ ತಳಹದಿ ಬಿದ್ದುದು ಈ ಏಕಾಂತದಲ್ಲಿಯೇ.

ಸಂಚಾರ ಕಾಲದಲ್ಲಿ ಪ್ರಭುಗಳು ಬೀದರ ನಗರದ ಝರಣಿ ನರಸಿಂಹ ಕ್ಷೇತ್ರದಲ್ಲಿಯೂ ತಂಗಿದ್ದರೆಂದು ಪರಂಪರೆಯು ಹೇಳುತ್ತದೆ. ಆ ಕ್ಷೇತ್ರವನ್ನು ಕಂಡವರೆಲ್ಲರೂ ಬಲ್ಲರು: ಅಲ್ಲಿ ದೇವರ ದರ್ಶನವು ಹೊರಗೆ ನಿಂತವರಿಗಿಲ್ಲ. ಎದೆಮಟ್ಟದ ನೀರಿನಲ್ಲಿ, ಬೆಟ್ಟದ ಒಡಲಿನ ಕತ್ತಲೆಯ ಸುರಂಗದಲ್ಲಿ ನಡೆದು ಕೊನೆಯನ್ನು ಮುಟ್ಟಿದವನಿಗೆ ಮಾತ್ರ ದೇವರು ಕಾಣುತ್ತಾನೆ. ಅಂತರ್ಮುಖ ಸಾಧನೆಗೆ ಇದಕ್ಕಿಂತ ಒಳ್ಳೆಯ ದೃಷ್ಟಾಂತವನ್ನು ನಮ್ಮ ಜಿಲ್ಲೆಯಲ್ಲಿ ಹುಡುಕಬೇಕಾಗಿಲ್ಲ. ಪ್ರಭುಗಳ ಹೆಸರಿನಲ್ಲಿ ಪವಾಡಗಳ ಕಥೆಗಳು ಅನೇಕವಿವೆ. ಅವನ್ನು ಭಕ್ತರ ಶ್ರದ್ಧೆಗೆ ಬಿಟ್ಟು ಅವರ ಬಾಳಿನ ನಡೆಯನ್ನು ನೋಡುವುದು ನಮಗೆ ಹೆಚ್ಚು ಹಿತಕರ.

1845ರಲ್ಲಿ ಪ್ರಭುಗಳು ಹುಮನಾಬಾದದ ಹತ್ತಿರ, ವಿರಜಾ ಮತ್ತು ಗುರುಗಂಗಾ ಎಂಬ ಹೊಳೆಗಳ ಸಂಗಮದಲ್ಲಿ ನೆಲೆನಿಂತರು. ಅದೇ ಮಾಣಿಕನಗರವಾಯಿತು. ಅಲ್ಲಿ ಅವರು ನಡೆಸಿದುದು ಒಂದು ವಿಚಿತ್ರವಾದ ದರಬಾರು. ಗುರುವು ರಾಜೋಚಿತವಾದ ಉಡುಪನ್ನು ಧರಿಸಿ ಗಾದಿಯ ಮೇಲೆ ಕುಳಿತಿರುತ್ತಿದ್ದರು, ಗಾಯಕರು, ಪಂಡಿತರು, ಫಕೀರರು, ಜಂಗಮರು, ದೀನದಲಿತರು ಸುತ್ತ ನೆರೆಯುತ್ತಿದ್ದರು, ಬಂದವರಿಗೆಲ್ಲ ಅನ್ನವಿತ್ತು. ಆದರೆ ಗಾದಿಯ ಮೇಲಿದ್ದವರು ನೈಷ್ಠಿಕ ಬ್ರಹ್ಮಚಾರಿಗಳು, ಅಂತರಂಗದಲ್ಲಿ ವಿರಕ್ತರು. ನಿಜಾಮ ಸರಕಾರವು ಜಹಗೀರನ್ನು ನೀಡಲು ಮುಂದಾದಾಗ ಪ್ರಭುಗಳು ಅದನ್ನು ನಿರಾಕರಿಸಿದರೆಂದು ಸಂಸ್ಥಾನದ ಚರಿತ್ರೆಯು ಹೇಳುತ್ತದೆ. ಬಂದುದು ಬಂದಂತೆಯೇ ಹಂಚಿಹೋಗಬೇಕೆಂಬುದು ಅಲ್ಲಿನ ಕ್ರಮವಾಗಿತ್ತು. ತ್ಯಾಗವು ಉಡುಪಿನಲ್ಲಿಲ್ಲ, ಮನಸ್ಸಿನಲ್ಲಿದೆ ಎಂಬುದನ್ನು ಅವರು ಉಪನ್ಯಾಸದಿಂದಲ್ಲ, ನಡೆಯಿಂದ ತೋರಿದರು.

ಸಕಲಮತ ಸಂಪ್ರದಾಯದ ತಿರುಳೇನು? ಯಾರೂ ತಮ್ಮ ಮತವನ್ನು ಬಿಡಬೇಕಾಗಿಲ್ಲ. ಯಾರೂ ಮತ್ತೊಬ್ಬರ ಮತವನ್ನು ಹಳಿಯಬೇಕಾಗಿಲ್ಲ. ಎಲ್ಲ ಉಪಾಸನೆಗಳೂ ಸಲ್ಲುವುದು ಒಂದೇ ಚೈತನ್ಯಕ್ಕೆ. ಆ ಚೈತನ್ಯವು ಉಪಾಸಕನಿಂದ ಬೇರೆಯಲ್ಲ. ಅವನ ಆತ್ಮಸ್ವರೂಪವೇ ಅದು. ಆದುದರಿಂದ ಸಂಪ್ರದಾಯದ ಆರಾಧ್ಯನಿಗೆ ಚೈತನ್ಯದೇವನೆಂದೇ ಹೆಸರು. ಬೇರೆಯವರ ದೇವರನ್ನು ಜರೆಯುವವನು ತನ್ನೊಳಗಿನ ದೇವರನ್ನೇ ಜರೆದಂತಾಗುವನು. ಅದ್ವೈತದ ಈ ಹಳೆಯ ವಿಚಾರವನ್ನು ಪ್ರಭುಗಳು ಪಂಡಿತರ ಗ್ರಂಥದಿಂದ ಬಿಡಿಸಿ ಜನರ ಹಾಡಿಗೆ ತಂದರು. ಮರಾಠಿ, ಕನ್ನಡ, ಹಿಂದಿ, ಸಂಸ್ಕೃತ ಮುಂತಾದ ಭಾಷೆಗಳಲ್ಲಿ ಅವರು ರಚಿಸಿದ ಪದಗಳು ಇಂದಿಗೂ ಭಜನೆಯಲ್ಲಿ ಕೇಳಿಬರುತ್ತವೆ. ಇದರ ಫಲವಾಗಿ ದತ್ತಭಕ್ತರು ಅವರನ್ನು ದತ್ತನೆಂದೂ, ಲಿಂಗಾಯತರು ಬಸವಣ್ಣನೆಂದೂ, ಮುಸಲ್ಮಾನರು ಮೆಹಬೂಬ್ ಸುಭಾನಿಯೆಂದೂ ಗೌರವಿಸಿದರು.

ಶರಣರ ಮಾರ್ಗಕ್ಕೂ ಪ್ರಭುಗಳ ಮಾರ್ಗಕ್ಕೂ ಭೇದವಿಲ್ಲವೆಂದು ಹೇಳುವುದು ಸರಿಯಾಗದು. ಶರಣರು ಜಾತಿಯ ಕಟ್ಟನ್ನೂ ಸ್ಥಾವರ ಪೂಜೆಯನ್ನೂ ನೇರವಾಗಿ ಅಲ್ಲಗಳೆದು, ಇಷ್ಟಲಿಂಗವನ್ನು ಅಂಗೈಯಲ್ಲಿಟ್ಟು, ಕಾಯಕ ದಾಸೋಹಗಳ ಮೇಲೆ ಹೊಸ ಸಮಾಜವನ್ನೇ ಕಟ್ಟಹೊರಟರು. ಅದಕ್ಕಾಗಿ ಕಲ್ಯಾಣದಲ್ಲಿ ನೆತ್ತರನ್ನೂ ತೆತ್ತರು. ಪ್ರಭುಗಳು ಯಾವ ಆಚರಣೆಯನ್ನೂ ಅಳಿಸಲಿಲ್ಲ. ಪ್ರತಿಯೊಂದು ಆಚರಣೆಗೂ ಒಳಗಣ್ಣನ್ನು ಕೊಡಲು ಯತ್ನಿಸಿದರು. ಒಂದು ತಿದ್ದುವ ದಾರಿ, ಇನ್ನೊಂದು ಕೂಡಿಸುವ ದಾರಿ. ಆದರೂ ದೇವರನ್ನು ಹುಡುಕಲು ಹೊರಟವನು ಮೊದಲು ತನ್ನನ್ನು ಪರೀಕ್ಷಿಸಿಕೊಳ್ಳಬೇಕೆಂಬಲ್ಲಿ ಎರಡು ದಾರಿಗಳೂ ಸಂಧಿಸುತ್ತವೆ. ಏಳು ಶತಮಾನಗಳ ಅಂತರದಲ್ಲಿ, ಒಂದೇ ಕಲ್ಯಾಣದ ಪರಿಸರದಿಂದ ಈ ಎರಡು ದನಿಗಳು ಎದ್ದುದು ಆಕಸ್ಮಿಕವೆಂದು ತೋರುವುದಿಲ್ಲ.

1865ರ ನವೆಂಬರ್ 29ರಂದು, ಮಾರ್ಗಶಿರ ಶುದ್ಧ ಏಕಾದಶಿಯಂದು, ಪ್ರಭುಗಳು ಮಾಣಿಕನಗರದಲ್ಲಿ ಸಮಾಧಿಸ್ಥರಾದರು. ಆಗ ಅವರಿಗೆ ನಲವತ್ತೆಂಟು ವರ್ಷಗಳೂ ತುಂಬಿರಲಿಲ್ಲ. ಸೋದರನ ಮಗನಾದ ಮನೋಹರ ಮಾಣಿಕಪ್ರಭುಗಳು ಪೀಠವನ್ನೇರಿದರು. ಅನಂತರ ಬಂದ ಮಾರ್ತಾಂಡ ಮಾಣಿಕಪ್ರಭುಗಳು ಸಂಪ್ರದಾಯದ ವೇದಾಂತವನ್ನು ಗ್ರಂಥರೂಪದಲ್ಲಿ ವಿವರಿಸಿದರು. ಮುಂದೆ ಸಿದ್ಧರಾಜ ಮಾಣಿಕಪ್ರಭುಗಳ ಕಾಲದಲ್ಲಿ ಪೀಠವು ವಿದ್ಯಾದಾನದತ್ತ ವಿಶೇಷ ಗಮನವಿತ್ತಿತು. ಮಾಣಿಕನಗರದಲ್ಲಿ ವಸತಿಶಾಲೆಯೂ ಅಂಧ ಮಕ್ಕಳ ಶಾಲೆಯೂ ನೆಲೆಗೊಂಡಿರುವುದು ಪ್ರಭುಗಳ ಬೋಧೆಗೆ ತಕ್ಕುದೇ ಆಗಿದೆ. ಹೊರಗಣ್ಣಿಲ್ಲದ ಮಗುವಿನಲ್ಲಿಯೂ ಅದೇ ಬೆಳಕುಂಟೆಂದು ನಂಬಿದವರಲ್ಲದೆ ಬೇರೆ ಯಾರು ಅಂತಹ ಶಾಲೆಯನ್ನು ತೆರೆಯಬಲ್ಲರು?

ನಮ್ಮ ಶಾಲೆಗಳ ಒಂದೇ ಮಣೆಯ ಮೇಲೆ ವಿಭೂತಿ ಧರಿಸಿದ ಮಗುವೂ, ಟೋಪಿ ಧರಿಸಿದ ಮಗುವೂ, ಗುರುತೊಂದನ್ನೂ ಧರಿಸದ ಮಗುವೂ ಕೂಡುತ್ತವೆ. ಅವುಗಳಿಗೆ ಪರಮತ ಸಹಿಷ್ಣುತೆಯ ಪಾಠವನ್ನು ಹೇಳುವುದು ಸುಲಭ. ಆದರೆ ಸಹಿಸಿಕೊಳ್ಳುವುದು ಒಂದು, ಇನ್ನೊಬ್ಬನಲ್ಲಿ ತನ್ನನ್ನೇ ಕಾಣುವುದು ಮತ್ತೊಂದು. ಮೊದಲನೆಯದನ್ನು ಪುಸ್ತಕವು ಕಲಿಸೀತು. ಎರಡನೆಯದನ್ನು ಗುರುವಿನ ನಡೆ ಮಾತ್ರ ಕಲಿಸಬಲ್ಲುದು. ಉಪಾಧ್ಯಾಯರು ತಮ್ಮ ನಡೆಯಿಂದ, ದಾನಿಗಳು ತಮ್ಮ ದಾಸೋಹದಿಂದ, ಹಳೆಯ ವಿದ್ಯಾರ್ಥಿಗಳು ತಮ್ಮ ಬಾಳಿನಿಂದ ಅದನ್ನು ಕಲಿಸುವಂತಾದರೆ ಮಾಣಿಕಪ್ರಭುಗಳ ಸ್ಮರಣೆಯು ಸಾರ್ಥಕವಾದೀತು. ಆ ಪುಣ್ಯಪುರುಷರಿಗೆ ನಮ್ಮ ಭಕ್ತಿಯ ನಮನಗಳು.