ಅಮೀರ್‌ಬಾಯಿ ಕರ್ನಾಟಕಿ

ಅಮೀರ್‌ಬಾಯಿ ಕರ್ನಾಟಕಿ (ಮರಣ: 3 ಮಾರ್ಚ್ 1965) ಹಿಂದಿ ಚಲನಚಿತ್ರರಂಗದ ಆರಂಭಕಾಲದ ಗಾಯಕಿ, ಅಭಿನೇತ್ರಿ ಹಾಗೂ ಸಂಗೀತ ನಿರ್ದೇಶಕಿ. ಇವರು 'ಕನ್ನಡ ಕೋಕಿಲ' ಎಂದು ಹೆಸರಾಗಿದ್ದರು.

ಹಿನ್ನೆಲೆ

ಅಮೀರ್‌ಬಾಯಿ ಅಂದಿನ ವಿಜಾಪುರ ಜಿಲ್ಲೆಗೆ ಸೇರಿದ್ದ ಬೀಳಗಿಯಲ್ಲಿ ಜನಿಸಿದರು. 1997ರಿಂದ ಈ ಊರು ಬಾಗಲಕೋಟೆ ಜಿಲ್ಲೆಯಲ್ಲಿದೆ. ಬಾದಾಮಿಯ ಬನಶಂಕರಿ ಜಾತ್ರೆಯಿಂದ ಹುನಗುಂದ, ಇಳಕಲ್ಲಗಳವರೆಗೆ ವೃತ್ತಿರಂಗಭೂಮಿ ಬೇರೂರಿದ್ದ ಸೀಮೆಯಿದು. ಸಹೋದರಿ ಗೋಹರಬಾಯಿ ಸಹ ಕಲಾವಿದೆ. ಅವರು ಮುಂದೆ ಬಾಲಗಂಧರ್ವರ ನಾಟಕ ಮಂಡಳಿಯಲ್ಲಿ ಸ್ತ್ರೀಪಾತ್ರಗಳನ್ನು ನಿರ್ವಹಿಸಿದರು.

ಚಿತ್ರರಂಗದಲ್ಲಿ

ಮುಂಬಯಿಗೆ ತೆರಳಿದ ಅಮೀರ್‌ಬಾಯಿ 1934ರಲ್ಲಿ 'ವಿಷ್ಣುಭಕ್ತಿ' ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದರು. ಆಗ ನಟಿಯರು ತಮ್ಮ ಹಾಡುಗಳನ್ನು ತಾವೇ ಹಾಡಬೇಕಿತ್ತು. ಹಿನ್ನೆಲೆ ಗಾಯನದ ಪದ್ಧತಿ ಬೆಳೆದಂತೆ ಅಮೀರ್‌ಬಾಯಿಯವರ ಕಂಠಕ್ಕೆ ಬೇಡಿಕೆ ಹೆಚ್ಚಿತು. ಬಾಂಬೆ ಟಾಕೀಸ್‌ನ 'ಕಿಸ್ಮತ್' (1943) ಅವರನ್ನು ಮನೆಮಾತಾಗಿಸಿತು. ಅನಿಲ್ ಬಿಸ್ವಾಸ್ ಸಂಗೀತ ನೀಡಿದ ಈ ಚಿತ್ರದಲ್ಲಿ ಅವರು ನಾಯಕಿ ಮುಮ್ತಾಜ್ ಶಾಂತಿಯವರಿಗೆ ಕಂಠದಾನ ಮಾಡಿದರು. ಚಿತ್ರವು ಕಲ್ಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಮೂರು ವರ್ಷಕ್ಕೂ ಹೆಚ್ಚು ಕಾಲ ಪ್ರದರ್ಶನಗೊಂಡಿತು. ನೌಷಾದ್ ಅವರ 'ರತನ್' (1944), ಸಿ. ರಾಮಚಂದ್ರ ಅವರ 'ಶೆಹನಾಯಿ' (1947) ಚಿತ್ರಗಳಿಗೂ ಅವರು ಹಾಡಿದರು. ಗುಜರಾತಿಯ 'ರಾಣಕದೇವಿ' (1946) ಚಿತ್ರದ ಗೀತೆಯೂ ಜನಪ್ರಿಯವಾಯಿತು.

1948ರಲ್ಲಿ 'ಶಹನಾಜ್' ಚಿತ್ರಕ್ಕೆ ಸಂಗೀತ ನಿರ್ದೇಶನ ಮಾಡಿದರು. ಸರಸ್ವತಿದೇವಿ, ಜದ್ದನ್‌ಬಾಯಿಯವರಂತಹ ಕೆಲವೇ ಮಹಿಳೆಯರು ಅದಕ್ಕೆ ಮೊದಲು ಈ ಕಾರ್ಯ ಕೈಗೊಂಡಿದ್ದರು.

ವೈಯಕ್ತಿಕ ಜೀವನ

ನಟ ಹಿಮಾಲಯವಾಲಾ ಅವರೊಂದಿಗಿನ ದಾಂಪತ್ಯ ಸುಖಕರವಾಗಿರಲಿಲ್ಲ. ಅದು ವಿಚ್ಛೇದನದಲ್ಲಿ ಕೊನೆಗೊಂಡಿತು. ದೇಶವಿಭಜನೆಯ ನಂತರ ಹಿಮಾಲಯವಾಲಾ ಪಾಕಿಸ್ತಾನದಲ್ಲಿ ನೆಲೆಸಿದರು. ಅಮೀರ್‌ಬಾಯಿ ಬದ್ರಿ ಕಾಂಚವಾಲಾ ಅವರನ್ನು ಮರುವಿವಾಹವಾದರು.

ಕೊನೆಯ ವರ್ಷಗಳು

1940ರ ದಶಕದ ಕೊನೆಯಲ್ಲಿ ಲತಾ ಮಂಗೇಶ್ಕರ್ ಪ್ರವರ್ಧಮಾನಕ್ಕೆ ಬಂದರು. ಸಣ್ಣದಾದ, ಎತ್ತರದ ಶ್ರುತಿಯ ಕಂಠವೇ ಮಾದರಿಯಾಯಿತು. ಅಮೀರ್‌ಬಾಯಿಯವರಿಗೆ ಮನ್ನಣೆ ತಂದಿದ್ದ ಹಿನ್ನೆಲೆ ಗಾಯನವೇ ಹೊಸ ದನಿಗೆ ದಾರಿಮಾಡಿಕೊಟ್ಟಿತು. ಹಾಡುವ ಅವಕಾಶಗಳು ಕಡಿಮೆಯಾದಾಗ ಅವರು ಅಭಿನಯಕ್ಕೆ ಮರಳಿ ಪೋಷಕ ಪಾತ್ರಗಳನ್ನು ನಿರ್ವಹಿಸಿದರು. ಪಾರ್ಶ್ವವಾಯುವಿಗೆ ತುತ್ತಾಗಿ 1965ರಲ್ಲಿ ನಿಧನರಾದರು.

ಸ್ಮರಣೆ

ಮುಂಬಯಿಯಲ್ಲಿ ಬಾಳಿದರೂ ತವರುನಾಡಿನ ನಂಟನ್ನು ಅವರು ಹೆಸರಿನಲ್ಲಿಯೇ ಉಳಿಸಿಕೊಂಡಿದ್ದರು. ವಿಜಯಪುರದ ಅಮೀರ್ ಟಾಕೀಸ್ ಅವರ ಹೆಸರನ್ನು ಹೊತ್ತಿದೆ. ರಹಮತ್ ತರೀಕೆರೆಯವರು ಅವರ ಜೀವನಚರಿತ್ರೆಯನ್ನು ಕನ್ನಡದಲ್ಲಿ ರಚಿಸಿದ್ದಾರೆ.