ಅಲೀಸ್ ಗೀ-ಬ್ಲಾಶೆ: ಬದುಕು ಮತ್ತು ಕರ್ತೃತ್ವದ ಪ್ರಶ್ನೆ

ಮೂಕಿಚಿತ್ರಗಳ ಕರ್ತೃತ್ವವನ್ನು ಚರ್ಚಿಸುವಾಗ ಅಲೀಸ್ ಗೀ-ಬ್ಲಾಶೆ (1873-1968) ಅವರ ಬದುಕು ವಿಶೇಷ ಗಮನಕ್ಕೆ ಅರ್ಹವಾಗಿದೆ. ಫ್ರಾನ್ಸಿನಲ್ಲಿ ಜನಿಸಿದ ಅವರು ತಂದೆಯ ಮರಣಾನಂತರ ಶೀಘ್ರಲಿಪಿ, ಬೆರಳಚ್ಚು ಕಲಿತು 1894ರಲ್ಲಿ ಲಿಯೋನ್ ಗೋಮೋನ್ ಅವರ ಕಾರ್ಯದರ್ಶಿಯಾದರು. ಮುಂದೆ ಗೋಮೋನ್ ಸಂಸ್ಥೆಯ ಚಿತ್ರನಿರ್ಮಾಣದ ಹೊಣೆಯೇ ಅವರದಾಯಿತು. 1907ರಲ್ಲಿ ಹರ್ಬರ್ಟ್ ಬ್ಲಾಶೆ ಅವರನ್ನು ವಿವಾಹವಾಗಿ ಅಮೆರಿಕೆಗೆ ತೆರಳಿದರು. 1910ರಲ್ಲಿ ಸೋಲಾಕ್ಸ್ ಸಂಸ್ಥೆಯನ್ನು ಸ್ಥಾಪಿಸಿ, 1912ರಲ್ಲಿ ನ್ಯೂಜೆರ್ಸಿಯ ಫೋರ್ಟ್ ಲೀಯಲ್ಲಿ ಸ್ವಂತ ಸ್ಟುಡಿಯೋ ಕಟ್ಟಿಸಿದರು.

ಅದೇ ವರ್ಷ ಸೋಲಾಕ್ಸ್ ಹೊರತಂದ 'ಟೂ ಲಿಟಲ್ ರೇಂಜರ್ಸ್' ಅಮೆರಿಕೆಯ ಪಶ್ಚಿಮ ಗಡಿನಾಡಿನ ಕಥೆಯುಳ್ಳ ಕಿರುಚಿತ್ರ. ಈ ಪ್ರಕಾರದಲ್ಲಿ ಸ್ತ್ರೀಪಾತ್ರವು ಸಾಮಾನ್ಯವಾಗಿ ರಕ್ಷಣೆಗಾಗಿ ಕಾಯುತ್ತದೆ. ಇಲ್ಲಿಯಾದರೋ ಸೋದರಿಯರಿಬ್ಬರು ಬಂದೂಕು ಹಿಡಿದು ದುಷ್ಟನನ್ನು ಬೆನ್ನಟ್ಟುತ್ತಾರೆ. ಸಾಹಸವು ಪುರುಷನಿಂದ ಸ್ತ್ರೀಗೆ ವರ್ಗಾವಣೆಗೊಂಡಿರುವುದು ಈ ಚಿತ್ರದ ಮಹತ್ವ.

ಪಾತ್ರಗಳಿಗೆ ದೊರೆತ ಈ ಸ್ಥಾನ ಅವುಗಳನ್ನು ರೂಪಿಸಿದವರಿಗೆ ಚರಿತ್ರೆಯಲ್ಲಿ ದೊರೆಯಲಿಲ್ಲ. ದಾಂಪತ್ಯ ಮುರಿದು 1922ರಲ್ಲಿ ಫ್ರಾನ್ಸಿಗೆ ಮರಳಿದ ಅವರು ಮತ್ತೆ ಚಿತ್ರ ನಿರ್ದೇಶಿಸಲಿಲ್ಲ. 1927ರಲ್ಲಿ ತಮ್ಮ ಚಿತ್ರಗಳನ್ನು ಅರಸುತ್ತ ಅಮೆರಿಕೆಗೆ ಹೋಗಿ ಬರಿಗೈಯಲ್ಲಿ ಹಿಂದಿರುಗಿದರು. ಚರಿತ್ರಕಾರರು ಅವರ ಕೃತಿಗಳಲ್ಲಿ ಕೆಲವನ್ನು ಪುರುಷ ಸಹೋದ್ಯೋಗಿಗಳ ಹೆಸರಿಗೆ ಬರೆದಿದ್ದರು. ಆದುದರಿಂದಲೇ ವೃದ್ಧಾಪ್ಯದಲ್ಲಿ ಅವರು ತಮ್ಮ ಚಿತ್ರಗಳ ಪಟ್ಟಿಯನ್ನು ತಾವೇ ಸಿದ್ಧಪಡಿಸಿದರು, ಆತ್ಮಕಥನವನ್ನೂ ಬರೆದರು. ಅದು ಪ್ರಕಟವಾದುದು 1976ರಲ್ಲಿ, ಅವರು ತೀರಿಕೊಂಡ ಎಂಟು ವರ್ಷಗಳ ಅನಂತರ. ತರುವಾಯ ಪತ್ತೆಯಾದ ಪ್ರತಿಗಳೊಂದಿಗೆ ಈ ಬರಹಗಳನ್ನು ತಾಳೆನೋಡಿಯೇ ವಿದ್ವಾಂಸರು ಅವರ ಕರ್ತೃತ್ವವನ್ನು ಪುನರ್‌ಸ್ಥಾಪಿಸುತ್ತ ಬಂದಿದ್ದಾರೆ. ಮೂಲಪ್ರತಿ ಅಲಭ್ಯವಾದೆಡೆ ಕರ್ತೃವಿನ ಸ್ವಂತ ಹೇಳಿಕೆಯನ್ನು ಪರಿಶೀಲಿಸದೆ ಬದಿಗಿಡಲಾಗದೆಂಬುದಕ್ಕೆ ಈ ಜೀವನವೇ ನಿದರ್ಶನ.